ಕಣ್ಣು ಮುಚ್ಚದ ವಿದ್ಯೆ

೧೯೧೮ನೆಯ ಇಸವಿಯಲ್ಲಿ ಅಮೆರಿಕದ ಪತ್ರಿಕೆಗಳಲ್ಲಿ ಒಂದು ಛಾಯಾಚಿತ್ರ ಪ್ರಕಟವಾಯಿತು. ಪೆನ್ಸಿಲ್ವೇನಿಯ ಪ್ರಾಂತದ ಚೆಸ್ಟರ್ ಎಂಬ ಊರಿನ ಹಡಗುಕಟ್ಟೆಯಲ್ಲಿ ತೆಗೆದ ಚಿತ್ರ ಅದು. ಕೆಲಸಗಾರರ ಪಟ್ಟೆಪಟ್ಟೆಯ ಉಡುಪನ್ನು ತೊಟ್ಟ ದೃಢಕಾಯನಾದ ತರುಣನೊಬ್ಬ ರಿವೆಟ್ಟು ಬಡಿಯುವ ಯಂತ್ರವನ್ನು ಹಿಡಿದು ನಿಂತಿದ್ದಾನೆ. ಮಹಾಯುದ್ಧದ ಕಾಲ, ದೇಶಕ್ಕೆ ಹಡಗುಗಳು ಬೇಕಾಗಿವೆ, ಹೆಸರಾಂತ ಮುಷ್ಟಿಯುದ್ಧಪಟುವೇ ಕೆಲಸಕ್ಕೆ ಇಳಿದಿದ್ದಾನೆ ಎಂದು ಸಾರುವುದು ಚಿತ್ರದ ಉದ್ದೇಶ. ಆದರೆ ನೋಡಿದವರ ಕಣ್ಣು ಯಂತ್ರದ ಮೇಲೆ ನಿಲ್ಲಲಿಲ್ಲ, ಮುಖದ ಮೇಲೂ ನಿಲ್ಲಲಿಲ್ಲ. ಮೆಲ್ಲನೆ ಜಾರಿ ಪಾದಗಳ ಬಳಿಗೆ ಬಂದಿತು. ಆತನ ಕಾಲಿನಲ್ಲಿದ್ದುವು ಮಿರಮಿರನೆ ಮಿಂಚುವ, ಸೊಗಸುಗಾರರು ಸಂಜೆಯ ತಿರುಗಾಟಕ್ಕೆ ಮೆಟ್ಟುವ ಬೂಟುಗಳು! ಹಡಗುಕಟ್ಟೆಯಲ್ಲಿ ದುಡಿಯುವವನು ಇಂಥ ಬೂಟು ಮೆಟ್ಟುವುದುಂಟೆ? ಚಿತ್ರ ತೆಗೆಯಿಸಿಕೊಳ್ಳಲೆಂದೇ ಬಂದು ನಿಂತವನಲ್ಲವೆ ಈತ? ಯುದ್ಧದಿಂದ ನುಣುಚಿಕೊಂಡವನು ಎಂಬ ಅಪವಾದ ಅಂದು ಆತನ ಬೆನ್ನು ಹತ್ತಿತು.

ಆ ತರುಣನ ಹೆಸರು ಜಾಕ್ ಡೆಂಪ್ಸಿ. ಮರುವರ್ಷ ಜುಲೈ ೪ರಂದು ಟೊಲೆಡೊ ನಗರದಲ್ಲಿ ದೈತ್ಯಾಕಾರನಾದ ಜೆಸ್ ವಿಲ್ಲರ್ಡನನ್ನು ಮಣ್ಣುಮುಕ್ಕಿಸಿ ಜಗದ್ವಿಜಯಿಯೆನಿಸಿದವನು ಈತನೇ. ಕೊಲೊರಾಡೊ ಪ್ರಾಂತದ ಮನಾಸಾ ಎಂಬ ಸಣ್ಣ ಊರಿನಲ್ಲಿ ೧೮೯೫ರಲ್ಲಿ ಹುಟ್ಟಿ, ಗಣಿಗಳಲ್ಲಿ ದುಡಿದು, ಗೂಡ್ಸ್ ರೈಲುಗಳ ಅಡಿಯಲ್ಲಿ ಕದ್ದು ಪಯಣಿಸಿ, ಹೊಟ್ಟೆಪಾಡಿಗಾಗಿ ಕಂಡಕಂಡ ಊರುಗಳಲ್ಲಿ ಗುದ್ದಾಡಿ ಮೇಲೆ ಬಂದವನು. ದವಡೆ ಬಲಿಯಲೆಂದು ಪೈನ್ ಮರದ ಅಂಟನ್ನು ಜಗಿಯುತ್ತಿದ್ದನಂತೆ; ಮುಖದ ಚರ್ಮ ಗಟ್ಟಿಯಾಗಲೆಂದು, ಮಾಂಸವನ್ನು ನೆನೆಹಾಕಿದ ಉಪ್ಪುನೀರಿನಲ್ಲಿ ಮುಖ ತೊಳೆಯುತ್ತಿದ್ದನಂತೆ. ಹೆಂಡತಿ, ತಂದೆ, ತಾಯಿ ತನ್ನ ದುಡಿಮೆಯನ್ನೇ ನಂಬಿದ್ದಾರೆಂಬ ಕಾರಣದಿಂದ ಆತನಿಗೆ ಸೈನ್ಯದ ಕರೆಯಿಂದ ವಿನಾಯಿತಿ ದೊರೆತಿತ್ತು. ಕಾನೂನಿನಂತೆ ಇದರಲ್ಲಿ ತಪ್ಪೇನೂ ಇರಲಿಲ್ಲ. ಆದರೆ ಊರಿನ ಬಾಯಿಗೆ ಕಾನೂನು ಬೀಗ ಹಾಕಬಲ್ಲುದೆ?

ಇಲ್ಲಿ ಒಂದು ಪ್ರಶ್ನೆ ಏಳುತ್ತದೆ. ಗಾಯಕನೊಬ್ಬ, ನಟನೊಬ್ಬ ಯುದ್ಧಕ್ಕೆ ಹೋಗದಿದ್ದರೆ ಜನ ಇಷ್ಟೊಂದು ಕುಪಿತರಾಗುತ್ತಿದ್ದರೆ? ಬಹುಶಃ ಇಲ್ಲ. ಗುದ್ದಾಡುವುದೇ ಯಾವನ ಕಸುಬೊ ಅವನು ದೇಶಕ್ಕಾಗಿ ಗುದ್ದಾಡಲು ಒಲ್ಲೆನೆನ್ನುವುದೆ ಎಂಬುದು ಜನರ ತರ್ಕ. ಸೈನಿಕನೂ ಮುಷ್ಟಿಯುದ್ಧಪಟುವೂ ಒಂದೇ ಮರದ ಎರಡು ಕೊಂಬೆಗಳೆಂಬ ನಂಬಿಕೆ ಅಂದು ಬಲವಾಗಿತ್ತು. ನಂಬಿಕೆ ಮಾತ್ರವಲ್ಲ, ಸರ್ಕಾರದ ಕಾರ್ಯಕ್ರಮವೇ ಅದಾಗಿತ್ತು.

೧೯೧೭ರ ಏಪ್ರಿಲ್ ತಿಂಗಳಲ್ಲಿ ಅಮೆರಿಕ ಯುದ್ಧಕ್ಕೆ ಧುಮುಕಿದಾಗ ಅದರ ಬಳಿಯಿದ್ದ ಸೈನ್ಯ ಅತ್ಯಲ್ಪ. ಯುದ್ಧ ಮುಗಿಯುವ ಹೊತ್ತಿಗೆ ಸಮವಸ್ತ್ರ ತೊಟ್ಟವರ ಸಂಖ್ಯೆ ನಲವತ್ತು ಲಕ್ಷದ ಮಟ್ಟಕ್ಕೆ ಏರಿತ್ತು. ಯುದ್ಧಕಾಲದಲ್ಲಿ ಶಸ್ತ್ರಾಭ್ಯಾಸವೆಂದು ಹಿರಿಯರು ಹಾಸ್ಯಮಾಡುತ್ತಿದ್ದುದು ಇಂಥದನ್ನೇ. ಹೊಲದಿಂದ, ಕಚೇರಿಯ ಕುರ್ಚಿಯಿಂದ, ಅಂಗಡಿಯ ಗಲ್ಲದಿಂದ ಎದ್ದು ಬಂದ ಹುಡುಗರನ್ನು ಕೆಲವೇ ತಿಂಗಳಲ್ಲಿ ಯೋಧರನ್ನಾಗಿ ಮಾಡಬೇಕಾಗಿತ್ತು. ಶಿಬಿರಗಳ ಬಿಡುವಿನ ಚಟುವಟಿಕೆಗಳನ್ನು ನೋಡಿಕೊಳ್ಳಲೆಂದು ರೇಮಂಡ್ ಫಾಸ್ಡಿಕ್ ಎಂಬವನ ಅಧ್ಯಕ್ಷತೆಯಲ್ಲಿ ಒಂದು ಆಯೋಗ ಏರ್ಪಟ್ಟಿತು. ಅದರ ಅಂಗಸಾಧನೆಯ ಶಾಖೆಯನ್ನು ವಹಿಸಿಕೊಂಡವನು ಪ್ರಿನ್ಸ್‌ಟನ್ ವಿದ್ಯಾಪೀಠದ ಜೋಸೆಫ್ ರೇಕ್ರಾಫ್ಟ್. ಈತ ಶಿಬಿರಶಿಬಿರಕ್ಕೂ ಮುಷ್ಟಿಯುದ್ಧದ ಉಪಾಧ್ಯಾಯರನ್ನು ಕಳುಹಿಸಿದ. ಎಂಥ ಉಪಾಧ್ಯಾಯರು! ನ್ಯೂಯಾರ್ಕಿನ ಕ್ಯಾಂಪ್ ಅಪ್ಟನ್‌ಗೆ ಆ ವರ್ಷವಷ್ಟೇ ಜಗತ್ತಿನ ಲೈಟ್‌ವೆಯ್ಟ್ ಪ್ರಶಸ್ತಿ ಗೆದ್ದಿದ್ದ ಬೆನ್ನಿ ಲಿಯೊನಾರ್ಡ್. ಜಾರ್ಜಿಯದ ಕ್ಯಾಂಪ್ ಗಾರ್ಡನ್‌ಗೆ ಮೈಕ್ ಗಿಬ್ಬನ್ಸ್. ಒಹಾಯೊದ ಕ್ಯಾಂಪ್ ಶೆರ್ಮನ್‌ಗೆ ಜಾನಿ ಕಿಲ್ಬೇನ್. ಇವರ ವರಸೆಗಳನ್ನು ಚಲನಚಿತ್ರವಾಗಿ ತೆಗೆದು ತೋರಿಸಿದುದೂ ಉಂಟು.

ಇದರಲ್ಲಿ ಒಂದು ವಿನೋದವಿದೆ. ಆ ಕಾಲದಲ್ಲಿ ಅಮೆರಿಕದ ಎಷ್ಟೋ ಪ್ರಾಂತಗಳಲ್ಲಿ ಹಣಕ್ಕಾಗಿ ಮುಷ್ಟಿಯುದ್ಧ ಮಾಡುವುದು ಅಪರಾಧ. ಸಭ್ಯರು ಅದನ್ನು ಕುಡುಕರ, ಜೂಜುಕೋರರ ಗೋಷ್ಠಿಯೆಂದು ಮೂಗುಮುರಿಯುತ್ತಿದ್ದರು. ಅಂಥ ವಿದ್ಯೆಗೆ ಈಗ ಸರ್ಕಾರವೇ ಮಣೆಹಾಕಿ ಕೂರಿಸಿತು. ನಿನ್ನೆಯವರೆಗೆ ಪೊಲೀಸರು ಅಟ್ಟಿ ಹಿಡಿಯುತ್ತಿದ್ದ ಗುದ್ದಾಟವನ್ನು ಇಂದು ದಳಪತಿಗಳು ಮುಂದೆ ನಿಂತು ಮಾಡಿಸತೊಡಗಿದರು. ಯುದ್ಧ ಮುಗಿದ ಮೇಲೆ ಊರಿಗೆ ಮರಳಿದ ಲಕ್ಷಾಂತರ ಹುಡುಗರು ಈ ವಿದ್ಯೆಯಲ್ಲಿ ಕೀಳೇನಿದೆ ಎಂದು ಕೇಳಿದುದೂ, ೧೯೨೦ರಲ್ಲಿ ನ್ಯೂಯಾರ್ಕ್ ಪ್ರಾಂತ ಕಾಯಿದೆಮಾಡಿ ಮುಷ್ಟಿಯುದ್ಧಕ್ಕೆ ಒಪ್ಪಿಗೆ ಕೊಟ್ಟುದೂ ಒಂದರ ಹಿಂದೊಂದು ನಡೆದುವು.

ಮುಷ್ಟಿಯುದ್ಧವನ್ನೇ ಏಕೆ ಆರಿಸಿದರು? ಅಂದಿನ ಸೇನಾನಿಗಳು ಕೊಟ್ಟ ಉತ್ತರ ಬಯೊನೆಟ್ಟು. ಬಂದೂಕಿನ ತುದಿಗೆ ಸಿಕ್ಕಿಸುವ ಕತ್ತಿ ಅದು. ಗುಂಡು ತೀರಿದ ಮೇಲೆ ಶತ್ರುವಿನ ಕಂದಕಕ್ಕೆ ನುಗ್ಗಿ, ಮೈಗೆ ಮೈತಾಗಿ ಹೋರಾಡುವಾಗ ಗತಿ ಅದೊಂದೇ ಎಂದು ಅವರು ಬಗೆದಿದ್ದರು. ಎಡಗಾಲು ಮುಂದಿಟ್ಟು, ಮಂಡಿ ತುಸು ಬಾಗಿಸಿ, ಮೈತೂಕವನ್ನು ಎರಡು ಕಾಲಿನ ಮೇಲೂ ಹದವಾಗಿ ಹಂಚಿ ನಿಲ್ಲುವ ಮುಷ್ಟಿಯುದ್ಧದ ನಿಲುವಿಗೂ ಬಯೊನೆಟ್ಟು ಹಿಡಿದವನ ನಿಲುವಿಗೂ ಹೆಚ್ಚು ಅಂತರವಿಲ್ಲ. ಎಡಗೈಯ ನೇರ ಗುದ್ದೇ ಕತ್ತಿಯ ಇರಿತ. ಬಲಗೈಯ ಬಳಸು ಗುದ್ದೇ ಬಂದೂಕಿನ ಹಿಡಿಯಿಂದ ಹೊಡೆಯುವ ಹೊಡೆತ. ಕೆಳಗಿನಿಂದ ಗಲ್ಲಕ್ಕೆ ಏರುವ ಗುದ್ದಿಗೂ ಬಂದೂಕಿನಲ್ಲಿ ಒಂದು ಪ್ರತಿರೂಪವುಂಟು. ಗುದ್ದು ಕಲಿತವನಿಗೆ ಇರಿತ ತಾನಾಗಿ ಬರುತ್ತದೆ, ಇದು ಅವರ ಸಿದ್ಧಾಂತ.

ಇಂಗ್ಲೆಂಡಿನಲ್ಲಿ ಈ ಸಿದ್ಧಾಂತ ಇನ್ನೂ ಮೊದಲೇ ಬೇರೂರಿತ್ತು. ಅಲ್ಲಿನ ಆಲ್ಡರ್‌ಷಾಟ್ ದಂಡಿನಲ್ಲಿ ಸೈನ್ಯದ ಅಂಗಸಾಧನೆಯ ಶಿಕ್ಷಣ ಶಾಲೆ ೧೮೬೦ರಿಂದಲೂ ನಡೆದುಬಂದಿತ್ತು. ಮೊದಲನೆಯ ಮಹಾಯುದ್ಧದಲ್ಲಿ ಆರುಮಂದಿ ಪ್ರಸಿದ್ಧ ಮುಷ್ಟಿಯುದ್ಧಪಟುಗಳು ಅಲ್ಲಿ ಸೈನಿಕರ ಉಪಾಧ್ಯಾಯರಾದರು. ಅವರಲ್ಲೊಬ್ಬ ಜಿಮ್ಮಿ ವೈಲ್ಡ್. ವೇಲ್ಸಿನ ಗಣಿಯಿಂದ ಬಂದ ಈ ಜಗದ್ವಿಜಯಿಯ ತೂಕ ಕೇವಲ ೧೦೮ ಪೌಂಡಿನ ಸುಮಾರು. ಸೈನಿಕರ ಸಾಲಿನ ಮುಂದೆ ನಿಂತರೆ ಶಾಲೆಯ ಹುಡುಗನಂತೆ ಕಾಣುತ್ತಿದ್ದಿರಬೇಕು. ಇನ್ನೊಬ್ಬ ಬೊಂಬಾರ್ಡಿಯರ್ ಬಿಲ್ಲಿ ವೆಲ್ಸ್. ಬೊಂಬಾರ್ಡಿಯರ್ ಎಂಬುದು ತೋಪಿನ ದಳದ ಒಂದು ಪದವಿ. ಆ ದಳದೊಡನೆ ಭಾರತಕ್ಕೆ ಬಂದು ರಾವಲ್ಪಿಂಡಿಯ ದಂಡಿನಲ್ಲಿ ಗುದ್ದಾಡಿ ಹೆಸರು ಗಳಿಸಿ, ಆಮೇಲೆ ಸೈನ್ಯ ಬಿಟ್ಟು ಇಂಗ್ಲೆಂಡಿನ ಹೆವಿವೆಯ್ಟ್ ವೀರನಾದವನು. ರ‍್ಯಾಂಕ್ ಸಂಸ್ಥೆಯ ಇಂಗ್ಲಿಷ್ ಚಲನಚಿತ್ರಗಳನ್ನು ಕಂಡ ಹಳಬರಿಗೆ ಈತನ ಪರಿಚಯ ಹೆಸರಿಲ್ಲದೆಯೇ ಉಂಟು. ಚಿತ್ರದ ಆರಂಭದಲ್ಲಿ ಬರಿಮೈಯ ಭೀಮಕಾಯನೊಬ್ಬ ದೊಡ್ಡ ಜಾಗಟೆಯನ್ನು ಬಾರಿಸುತ್ತಿದ್ದನಲ್ಲವೆ? ಆ ಪಾತ್ರವನ್ನು ವಹಿಸಿದ ಕೆಲವರಲ್ಲಿ ಈ ವೆಲ್ಸನೂ ಒಬ್ಬ.

ಬಯೊನೆಟ್ಟಿನ ಬೋಧನೆಗೆ ಹೆಸರಾದವನೆಂದರೆ ರೊನಾಲ್ಡ್ ಕ್ಯಾಂಪ್‌ಬೆಲ್ ಎಂಬ ಅಧಿಕಾರಿ. ಸ್ವತಃ ಮುಷ್ಟಿಯುದ್ಧವನ್ನೂ ಕತ್ತಿವರಸೆಯನ್ನೂ ಬಲ್ಲವನು. ಆತನ ಉಪನ್ಯಾಸವನ್ನು ಕೇಳಿದ ಹುಡುಗರ ಮೈನವಿರು ನಿಮಿರುತ್ತಿತ್ತಂತೆ. ಕೆಲವರಿಗೆ ಹೊಟ್ಟೆ ತೊಳಸುತ್ತಿತ್ತಂತೆ. ೧೯೧೬ರಲ್ಲಿ ಫ್ರಾನ್ಸಿನ ಫ್ಲಿಕ್ಸೆಕೂರಿನಲ್ಲಿ ಅದನ್ನು ಕೇಳಿದವರ ಪೈಕಿ ಸೀಗ್‌ಫ್ರೀಡ್ ಸಸೂನ್ ಎಂಬ ಕವಿಯಿದ್ದ. ಕೇಳಿಬಂದವನು ‘ದಿ ಕಿಸ್’ ಎಂಬ ಕವಿತೆಯನ್ನು ಬರೆದ. ಅದು ಹೊಗಳಿಕೆಯೊ ವ್ಯಂಗ್ಯವೊ ಎಂಬ ವಾದ ವಿಮರ್ಶಕರಲ್ಲಿ ಇನ್ನೂ ಬಗೆಹರಿದಿಲ್ಲ.

ಆದರೆ ಯುದ್ಧ ಈ ಸಿದ್ಧಾಂತಕ್ಕೆ ಸೊಪ್ಪುಹಾಕಲಿಲ್ಲ. ಗಾಯಗೊಂಡು ಆಸ್ಪತ್ರೆಗೆ ಬಂದವರ ಲೆಕ್ಕ ತೆಗೆದಾಗ ಬಯೊನೆಟ್ಟಿನ ಗಾಯ ನೂರಕ್ಕೆ ಒಂದರಷ್ಟೂ ಇರಲಿಲ್ಲ. ಕೊಂದದ್ದು ಫಿರಂಗಿ, ಕೊಂದದ್ದು ಯಂತ್ರದ ಬಂದೂಕು. ಅರ್ಧ ಮೈಲಿಯಾಚೆ ಕುಳಿತು ಗುಂಡಿನ ಮಳೆ ಸುರಿಸುವ ಯಂತ್ರದೆದುರು ಎಡಗೈಯ ನೇರ ಗುದ್ದು ಏನು ಮಾಡೀತು? ಹಾಗಾದರೆ ಆ ಲಕ್ಷಾಂತರ ಹುಡುಗರು ಬೆಳಗಿನ ಚಳಿಯಲ್ಲಿ ನಿಂತು ಗಾಳಿಯನ್ನು ಗುದ್ದಿದುದೆಲ್ಲ ವ್ಯರ್ಥವೆ?

ಈ ಪ್ರಶ್ನೆಗೆ ಉತ್ತರ ಬೇಕಾದರೆ ಮುಷ್ಟಿಯುದ್ಧಪಟುವಿನ ದಿನಚರಿಯನ್ನು ಹತ್ತಿರದಿಂದ ನೋಡಬೇಕು. ಅಖಾಡದಲ್ಲಿ ಜನ ನೋಡುವುದು ಅರ್ಧ ಗಂಟೆಯ ಗುದ್ದಾಟವನ್ನು. ಅದರ ಹಿಂದಿರುವ ತಿಂಗಳುಗಳ ಸಾಧನೆ ಯಾರ ಕಣ್ಣಿಗೂ ಬೀಳುವುದಿಲ್ಲ. ಬೆಳಕು ಹರಿಯುವ ಮುನ್ನ ಓಟ. ಅದೂ ಎತ್ತಿನ ಗಾಡಿಯಂತೆ ಒಂದೇ ಗತಿಯ ಓಟವಲ್ಲ. ಸ್ವಲ್ಪ ದೂರ ನಡಿಗೆ, ಸ್ವಲ್ಪ ದೂರ ಓಟ, ನಡುವೆ ಇದ್ದಕ್ಕಿದ್ದಂತೆ ಹುಲಿ ಬೆನ್ನಟ್ಟಿದವನಂತೆ ಧಾವಿಸುವುದು, ಮತ್ತೆ ನಡಿಗೆ. ಬಳಿಕ ಹಗ್ಗ ಹಾರುವುದು. ನಮ್ಮಲ್ಲಿ ಹೆಣ್ಣುಮಕ್ಕಳು ಅಂಗಳದಲ್ಲಿ ಆಡುವ ಆಟವನ್ನು ಇನ್ನೂರು ಪೌಂಡು ತೂಕದ ಗಂಡಸು ಆಡುತ್ತಾನೆ. ಏಕೆಂದರೆ ಹಿಮ್ಮಡಿಯ ಮೇಲೆ ನಿಂತವನು ಬಿದ್ದ, ಬೆರಳುಗಳ ಮೇಲೆ ನಿಂತವನು ಉಳಿದ. ಆಮೇಲೆ ಮರಳೊ ಹತ್ತಿಯೊ ತುಂಬಿದ ಭಾರವಾದ ಚೀಲವನ್ನು ತೂಗುಹಾಕಿ ಗುದ್ದುವುದು. ತೊಗಲಿನ ಭಾರವಾದ ಚೆಂಡನ್ನು ಹೊಟ್ಟೆಯ ಮೇಲೆ ಎಸೆಯಿಸಿಕೊಂಡು ಹೊಟ್ಟೆಯ ಸ್ನಾಯುಗಳನ್ನು ಬಿಗಿಯುವುದು. ಎದುರಿಗೆ ಯಾರೂ ಇಲ್ಲದೆ, ಇದ್ದಾರೆಂದು ಭಾವಿಸಿಕೊಂಡು ನೆರಳಿನೊಡನೆ ಗುದ್ದಾಡುವುದು.

ಇದೆಲ್ಲಕ್ಕೂ ಒಂದು ಕಾಲಗಣನೆಯುಂಟು. ಅದು ಈ ವಿದ್ಯೆಯ ಗುಟ್ಟು. ಮೂರು ನಿಮಿಷ ಶ್ರಮ, ಒಂದು ನಿಮಿಷ ವಿಶ್ರಾಂತಿ. ಹೊಸಬರಿಗಾದರೆ ಎರಡೇ ನಿಮಿಷದ ಸುತ್ತು. ಆ ಒಂದು ನಿಮಿಷದಲ್ಲಿ ಏದುಸಿರು ಇಳಿಯಬೇಕು, ಎದೆಯ ಬಡಿತ ತಗ್ಗಬೇಕು, ತಲೆ ತಿಳಿಯಾಗಬೇಕು. ಗಂಟೆ ಬಾರಿಸಿದೊಡನೆ ಮತ್ತೆ ಮೊದಲಿನ ಬಿರುಸು ಬರಬೇಕು. ಮೈದಾನದಲ್ಲಿ ಕಂದಕದಿಂದ ಕಂದಕಕ್ಕೆ ಓಡಿ, ಮಲಗಿ, ಉಸಿರು ಹಿಡಿದು, ಮತ್ತೆ ಎದ್ದು ಓಡುವ ಸೈನಿಕನ ಬಾಳೂ ಇದೇ ಲಯದ್ದು. ಹತ್ತು ಮೈಲಿ ಒಂದೇ ಸಮನೆ ನಡೆಯಬಲ್ಲವನು ಈ ಲಯಕ್ಕೆ ಸಿಕ್ಕಿದಾಗ ಹತ್ತೇ ನಿಮಿಷದಲ್ಲಿ ಸೋತು ಕುಳಿತುಕೊಳ್ಳುವುದುಂಟು.

ನಮ್ಮವರಿಗೆ ಇಂಥ ಸಾಧನೆ ಹೊಸದೇನಲ್ಲ. ಕಲ್ಯಾಣದ ಚಾಲುಕ್ಯರ ದೊರೆ ಮೂರನೆಯ ಸೋಮೇಶ್ವರನು ಹನ್ನೆರಡನೆಯ ಶತಮಾನದಲ್ಲಿ ರಚಿಸಿದ ‘ಮಾನಸೋಲ್ಲಾಸ’ದಲ್ಲಿ ಮಲ್ಲವಿನೋದವೆಂಬ ಒಂದು ಪ್ರಕರಣವೇ ಇದೆ, ಮಲ್ಲರನ್ನು ಹೇಗೆ ವರ್ಗೀಕರಿಸಬೇಕು, ಅವರಿಗೆ ಏನು ಉಣಿಸಬೇಕು, ಯಾವ ಸಾಮು ಮಾಡಿಸಬೇಕು ಎಂಬುದೆಲ್ಲ ಅಲ್ಲಿದೆ. ಮೈಸೂರಿನ ದಸರೆಯಲ್ಲಿ ಜಟ್ಟಿಗಳ ವಜ್ರಮುಷ್ಟಿಯನ್ನು ಕಂಡವರಿಗಂತೂ ವಿವರಿಸಬೇಕಾದುದಿಲ್ಲ. ಆದರೆ ಗರಡಿಯ ಸಾಧನೆ ವರ್ಷಾನುಗಟ್ಟಲೆಯದು, ಗುರುವಿನ ಕಣ್ಣೆದುರು ಒಬ್ಬೊಬ್ಬನಾಗಿ ಮಾಗುವಂಥದು. ೧೯೧೭ರ ಶಿಬಿರಕ್ಕೆ ಅಷ್ಟು ವ್ಯವಧಾನವೆಲ್ಲಿ? ಅಲ್ಲಿ ಉಪಾಧ್ಯಾಯನೊಬ್ಬ ಎತ್ತರದ ಕಟ್ಟೆಯ ಮೇಲೆ ನಿಲ್ಲುತ್ತಿದ್ದ. ಕೆಳಗೆ ನೂರಾರು ಹುಡುಗರು ಸಾಲುಸಾಲಾಗಿ ನಿಂತು, ಆತ ಕೂಗಿದಂತೆ ಒಂದೇ ಕಾಲಕ್ಕೆ ಎಡಗೈ ಚಾಚುತ್ತಿದ್ದರು, ಒಂದೇ ಕಾಲಕ್ಕೆ ಹಿಂದೆ ಸರಿಯುತ್ತಿದ್ದರು. ಕವಾಯತಿಗೂ ಗುದ್ದಾಟಕ್ಕೂ ಮದುವೆಯಾದಂಥ ದೃಶ್ಯ.

ಇಷ್ಟಾದ ಮೇಲೆ ಬರುವುದು ನಿಜವಾದ ಪರೀಕ್ಷೆ. ದಪ್ಪನಾದ ಕೈಗವುಸು ತೊಡಿಸಿ ಇಬ್ಬರನ್ನು ಎದುರುಬದುರು ನಿಲ್ಲಿಸುತ್ತಾರೆ. ಮೊದಲ ಗುದ್ದು ಮೂಗಿಗೆ ಬಿದ್ದಾಗ ಏನಾಗುತ್ತದೆ? ಎಲ್ಲರಿಗೂ ಆಗುವುದು ಒಂದೇ. ಕಣ್ಣು ಮುಚ್ಚಿಕೊಳ್ಳುತ್ತದೆ. ಮುಖ ಪಕ್ಕಕ್ಕೆ ತಿರುಗುತ್ತದೆ. ಕೈಗಳು ಗಾಳಿಯಲ್ಲಿ ತಡಕಾಡುತ್ತವೆ. ನೋವಿಗಿಂತ ಹೆಚ್ಚಾಗಿ ಅವಮಾನದಿಂದ ಕಣ್ಣಲ್ಲಿ ನೀರು ತುಂಬುತ್ತದೆ. ಇದು ಹೇಡಿತನವಲ್ಲ, ದೇಹ ಹುಟ್ಟಿನಿಂದ ಕಲಿತುಬಂದ ಪಾಠ. ಕಣ್ಣಿನ ಎದುರು ಏನಾದರೂ ನುಗ್ಗಿಬಂದರೆ ರೆಪ್ಪೆ ಯಾರ ಅಪ್ಪಣೆಯನ್ನೂ ಕಾಯುವುದಿಲ್ಲ. ಆದರೆ ಕಣ್ಣು ಮುಚ್ಚಿದವನಿಗೆ ಎರಡನೆಯ ಗುದ್ದು ಕಾಣುವುದಿಲ್ಲ. ಮೊದಲನೆಯದು ನೋಯಿಸುತ್ತದೆ, ಕೆಡವುವುದು ಎರಡನೆಯದು.

ಅದಕ್ಕಾಗಿ ಉಪಾಧ್ಯಾಯರು ಒಂದು ಉಪಾಯವನ್ನು ಹೂಡುತ್ತಿದ್ದರು. ಒಬ್ಬ ನಿಧಾನವಾಗಿ ಎಡಗೈಯ ಗುದ್ದನ್ನು ಮಾತ್ರ ಎಸೆಯುವುದು. ಇನ್ನೊಬ್ಬ ಅಂಗೈಯಿಂದ ಅದನ್ನು ತಡೆಯುವುದು ಮಾತ್ರ. ಹತ್ತು ಸಲ, ಇಪ್ಪತ್ತು ಸಲ, ನೂರು ಸಲ. ಬಳಿಕ ಪಾತ್ರಗಳ ಅದಲುಬದಲು. ದಿನದಿನಕ್ಕೂ ವೇಗ ಸ್ವಲ್ಪಸ್ವಲ್ಪವಾಗಿ ಏರುತ್ತದೆ. ವಾರಗಳು ಕಳೆದಂತೆ ಒಂದು ಸೋಜಿಗ ನಡೆಯುತ್ತದೆ. ಗುದ್ದು ಬರುತ್ತಿರುವುದು ಹುಡುಗನಿಗೆ ಕಾಣತೊಡಗುತ್ತದೆ! ಮೊದಲು ಮಿಂಚಿನಂತೆ ಬಂದು ಬಡಿಯುತ್ತಿದ್ದುದು ಈಗ ಹೆಗಲಿನಿಂದ ಹೊರಟು, ಮೊಣಕೈ ದಾಟಿ, ತನ್ನೆಡೆಗೆ ಬರುವ ಒಂದು ವಸ್ತುವಾಗುತ್ತದೆ. ತಪ್ಪಿಸಿಕೊಳ್ಳಲು ಹೊತ್ತಿದೆ, ತಪ್ಪಿಸಿಕೊಳ್ಳಲಾಗದಿದ್ದರೆ ತಾಳಿಕೊಳ್ಳಲು ಸಿದ್ಧವಾಗುವಷ್ಟಾದರೂ ಹೊತ್ತಿದೆ. ಹೆದರಿಕೆ ಹೋಗಿಬಿಟ್ಟಿತೆಂದಲ್ಲ. ಹೆದರಿಕೆ ಇದ್ದೂ ಕಣ್ಣು ತೆರೆದಿದೆ, ಅಷ್ಟೆ.

ಉತ್ತರನ ಪೌರುಷ ಒಲೆಯ ಮುಂದೆ ಎಂದು ನಕ್ಕುಬಿಡುವುದು ಸುಲಭ. ಆದರೆ ವಿರಾಟನ ಆ ಮಗನನ್ನು ಕರುಣೆಯಿಂದ ನೋಡಿದರೆ ಆತನ ತಪ್ಪೇನು? ಅರಮನೆಯಲ್ಲಿ ಬಿಲ್ಲುವಿದ್ಯೆ ಕಲಿತಿರಬಹುದು. ತನ್ನ ಕಡೆಗೆ ಬರುವ ಬಾಣವನ್ನು ಅವನೆಂದೂ ಕಂಡಿರಲಿಲ್ಲ. ಕೌರವಸೇನೆಯನ್ನು ಕಂಡೊಡನೆ ರಥದಿಂದ ಧುಮುಕಿ ಓಡಿದ. ಅವನಿಗೆ ಮೊದಲೇ ಯಾರಾದರೂ ನಾಲ್ಕು ಪೆಟ್ಟು ಕೊಟ್ಟು ಕಲಿಸಿದ್ದರೆ ಅಷ್ಟು ಬೇಗ ಧುಮುಕುತ್ತಿರಲಿಲ್ಲವೇನೊ! ಶಿಬಿರಗಳ ಮುಷ್ಟಿಯುದ್ಧ ಮಾಡಿದ ಉಪಕಾರ ಇದೇ. ಸೇನಾನಿಗಳು ಬಯೊನೆಟ್ಟಿನ ಹೆಸರು ಹೇಳಿ ತಂದರು. ಹುಡುಗರಿಗೆ ಸಿಕ್ಕಿದ್ದು ಬೇರೆಯದು. ಬಾವಿಗೆಂದು ಅಗೆದವರಿಗೆ ನೀರಿನ ಬದಲು ನಿಧಿ ಸಿಕ್ಕಿದಂತೆ ಎನ್ನಬಹುದಿತ್ತು. ಆದರೆ ಆ ನಿಧಿಗೂ ಒಂದು ಬೆಲೆಯಿತ್ತು. ಅದರ ಮಾತು ಮುಂದೆ ಬರುತ್ತದೆ.

ಡೆಂಪ್ಸಿಯ ಕಥೆ ನಡುವೆ ನಿಂತಿತು. ೧೯೨೦ರಲ್ಲಿ ಆತನಿಂದ ಬೇರೆಯಾಗಿದ್ದ ಮೊದಲ ಹೆಂಡತಿಯೇ ಆತ ಸುಳ್ಳು ಹೇಳಿ ಸೈನ್ಯದಿಂದ ತಪ್ಪಿಸಿಕೊಂಡನೆಂದು ದೂರಿದಳು. ಸಾನ್‌ಫ್ರಾನ್ಸಿಸ್ಕೊ ನ್ಯಾಯಾಲಯದಲ್ಲಿ ವಿಚಾರಣೆ ನಡೆದು, ಮಗನ ದುಡಿಮೆಯಿಂದಲೇ ತಾವು ಬದುಕಿದುದೆಂದು ಮುದಿತಾಯಿ ಸಾಕ್ಷಿ ನುಡಿದಳು. ಪಂಚರು ಕೆಲವೇ ನಿಮಿಷಗಳಲ್ಲಿ ನಿರ್ದೋಷಿಯೆಂದು ಬಿಟ್ಟರು. ಜನ ಬಿಡಲಿಲ್ಲ. ಮರುವರ್ಷ ಜುಲೈ ೨ರಂದು ಜರ್ಸಿ ಸಿಟಿಯಲ್ಲಿ ಫ್ರಾನ್ಸಿನ ಜಾರ್ಜ್ ಕಾರ್ಪಂತಿಯೆಯೊಡನೆ ಕಾಳಗ. ಕಾರ್ಪಂತಿಯೆ ಯುದ್ಧದಲ್ಲಿ ವಿಮಾನ ಹಾರಿಸಿ ಶೌರ್ಯಪದಕಗಳನ್ನು ಪಡೆದ ವೀರ. ಟಿಕೆಟ್ಟಿನ ಹಣ ಹತ್ತು ಲಕ್ಷ ಡಾಲರು ದಾಟಿದ ಮೊತ್ತಮೊದಲ ಮುಷ್ಟಿಕಾಳಗ ಅದು. ಅಲ್ಲಿ ಅಮೆರಿಕದ ನೆಲದಲ್ಲಿ, ಅಮೆರಿಕದವರಲ್ಲಿ ಬಹುಮಂದಿ ಜಯಕಾರ ಮಾಡಿದ್ದು ಪರದೇಶದವನಿಗೆ! ಡೆಂಪ್ಸಿ ನಾಲ್ಕನೆಯ ಸುತ್ತಿನಲ್ಲಿ ಅವನನ್ನು ಕೆಡವಿದ. ಕೆಡವಿದ ಮೇಲೂ ಅಪವಾದ ಕೆಳಗೆ ಬೀಳಲಿಲ್ಲ.

ಕೊನೆಗೆ ಆತನ ಕಿರೀಟವನ್ನು ಕಿತ್ತುಕೊಂಡವನೂ ಒಬ್ಬ ಸೈನಿಕನೇ. ಜೀನ್ ಟನಿ ನ್ಯೂಯಾರ್ಕಿನವನು. ೧೯೧೮ರಲ್ಲಿ ನೌಕಾಪದಾತಿಯಾದ ಮರೀನ್ ದಳಕ್ಕೆ ಸೇರಿ ಫ್ರಾನ್ಸಿಗೆ ಹೋಗಿದ್ದವನು. ಕದನ ನಿಂತ ಮೇಲೆ ೧೯೧೯ರಲ್ಲಿ ಪ್ಯಾರಿಸಿನಲ್ಲಿ ಅಮೆರಿಕನ್ ಸೈನಿಕರೊಳಗೆ ನಡೆದ ಪಂದ್ಯಗಳಲ್ಲಿ ಲೈಟ್‌ಹೆವಿವೆಯ್ಟ್ ಪ್ರಶಸ್ತಿ ಗೆದ್ದ. ಎಂದರೆ ಶಿಬಿರಗಳ ಮುಷ್ಟಿಯುದ್ಧ ಬೆಳಸಿದ ಪೈರು. ೧೯೨೬ರ ಸೆಪ್ಟೆಂಬರಿನಲ್ಲಿ ಫಿಲಡೆಲ್ಫಿಯದ ಮಳೆಯಲ್ಲಿ, ಒಂದು ಲಕ್ಷ ಇಪ್ಪತ್ತು ಸಾವಿರ ಪ್ರೇಕ್ಷಕರೆದುರು ಡೆಂಪ್ಸಿಯನ್ನು ಸೋಲಿಸಿದ; ಮರುವರ್ಷ ಚಿಕಾಗೊದಲ್ಲಿ ಮತ್ತೊಮ್ಮೆ ಸೋಲಿಸಿದ. ಈ ಎರಡನೆಯ ಕಾಳಗ ನಡೆದ ಕ್ರೀಡಾಂಗಣದ ಹೆಸರು ಸೋಲ್ಜರ್ ಫೀಲ್ಡ್, ಮಡಿದ ಸೈನಿಕರ ಸ್ಮಾರಕ. ಡೆಂಪ್ಸಿಯ ಗ್ರಹಚಾರವನ್ನು ಏನೆನ್ನೋಣ! ಟನಿ ವಿಚಿತ್ರ ವ್ಯಕ್ತಿ. ಸಾಧನೆಯ ಬಿಡುವಿನಲ್ಲಿ ಷೇಕ್ಸ್‌ಪಿಯರನ ನಾಟಕಗಳನ್ನು ಓದುತ್ತಿದ್ದ. ೧೯೨೮ರಲ್ಲಿ ಯೇಲ್ ವಿದ್ಯಾಪೀಠದ ವಿದ್ಯಾರ್ಥಿಗಳಿಗೆ ಷೇಕ್ಸ್‌ಪಿಯರನ ಮೇಲೆ ಉಪನ್ಯಾಸವನ್ನೇ ಕೊಟ್ಟ. ಆ ತರಗತಿಯಲ್ಲಿ ಗದ್ದಲಮಾಡುವ ಧೈರ್ಯ ಯಾವ ವಿದ್ಯಾರ್ಥಿಗೂ ಬಂದಿರಲಾರದು ಎಂದು ಊಹಿಸಬಹುದು.

ಎರಡನೆಯ ಮಹಾಯುದ್ಧ ಬಂದಾಗ ಅಮೆರಿಕದ ನೌಕಾಪಡೆ ತನ್ನವರ ದೇಹದಾರ್ಢ್ಯದ ಹೊಣೆಯನ್ನು ಈ ಟನಿಗೆ ಒಪ್ಪಿಸಿತು. ಆತ ಸಾವಿರಾರು ಉಪಾಧ್ಯಾಯರನ್ನು ತರಪೇತು ಮಾಡಿದ. ಸಿಗರೇಟಿನ ವಿರುದ್ಧ ೧೯೪೧ರಲ್ಲಿ ಲೇಖನ ಬರೆದ. ಹೊಗೆ ಬಿಡುವುದೊಂದೇ ಸುಖವಾಗಿದ್ದ ನಾವಿಕರು ಅದನ್ನು ಹೇಗೆ ಸ್ವೀಕರಿಸಿದರೆಂಬುದನ್ನು ಬರೆಯಬೇಕಾದುದಿಲ್ಲ. ಅದೇ ನೌಕಾಪಡೆಯಲ್ಲಿ ೧೯೪೨ರಲ್ಲಿ ವಿಮಾನಚಾಲಕರಾಗಲಿದ್ದ ತರುಣರಿಗಾಗಿ ಟಾಮ್ ಹ್ಯಾಮಿಲ್ಟನ್ ಎಂಬ ಅಧಿಕಾರಿ, ಹಿಂದೆ ಫುಟ್‌ಬಾಲ್ ಗುರುವಾಗಿದ್ದವನು, ಪ್ರತ್ಯೇಕ ಶಾಲೆಗಳನ್ನು ತೆರೆದ. ಹೊಡೆದಾಟದ ಕ್ರೀಡೆಗಳಲ್ಲೇ ಹೋರಾಟದ ಮನಸ್ಸು ಹದಗೊಳ್ಳುವುದೆಂದು ಅವನ ಮತ. ಅಲ್ಲಿ ಮುಷ್ಟಿಯುದ್ಧ ಎಲ್ಲರಿಗೂ ಕಡ್ಡಾಯ. ಅದನ್ನು ಕಲಿಸುವ ಕ್ರಮದ ಮೇಲೆ ೧೯೪೩ರಲ್ಲಿ ಒಂದು ಪುಸ್ತಕವೇ ಹೊರಬಿತ್ತು. ಇತ್ತ ಟನಿಯ ಮತ ಬೇರೆ. ಪಂದ್ಯದ ಆಟಗಳಲ್ಲಿ ಕೈಕಾಲು ಮುರಿದುಕೊಂಡವನು ಯುದ್ಧಕ್ಕೆ ಬಾರದವನಾಗುತ್ತಾನೆ. ಸಾಲಾಗಿ ನಿಂತು ಮಾಡುವ ಅಂಗಸಾಧನೆಯೇ ಲೇಸು ಎಂದು ಅವನ ವಾದ. ಫುಟ್‌ಬಾಲಿನವನು ಮುಷ್ಟಿಯುದ್ಧ ಬೇಕೆನ್ನುತ್ತಾನೆ; ಮುಷ್ಟಿಯುದ್ಧದ ಜಗದ್ವಿಜಯಿ ಬಸ್ಕಿ ಸಾಕೆನ್ನುತ್ತಾನೆ! ಪೆಟ್ಟಿನ ಬೆಲೆಯನ್ನು ಪೆಟ್ಟು ತಿಂದವನೇ ಬಲ್ಲನೆಂದು ತೋರುತ್ತದೆ.

ಆ ಬೆಲೆಯ ಮಾತನ್ನು ೧೯೨೮ರಲ್ಲೇ ಅಮೆರಿಕದ ವೈದ್ಯನೊಬ್ಬ ಎತ್ತಿದ್ದ. ಹ್ಯಾರಿಸನ್ ಮಾರ್ಟ್‌ಲಂಡ್ ಎಂಬ ಆತ, ಬಹುಕಾಲ ತಲೆಗೆ ಗುದ್ದು ತಿಂದವರು ಮುಂದೆ ಕುಡಿದವರಂತೆ ತೊದಲುವುದನ್ನೂ ತಡವರಿಸುವುದನ್ನೂ ಕಂಡು, ಅದು ಮಿದುಳಿಗೆ ತಗಲಿದ ಗಾಯವೆಂದು ಬರೆದ. ದೊಡ್ಡ ಕೈಗವುಸು, ಚಿಕ್ಕ ಸುತ್ತು, ತಲೆಗೆ ಮೆತ್ತೆಯ ಕುಲಾವಿ ಇವೆಲ್ಲ ನೋವನ್ನು ತಗ್ಗಿಸಿಯಾವು. ತಲೆಬುರುಡೆಯೊಳಗೆ ಮಿದುಳು ಅಲುಗುವುದನ್ನು ತಡೆಯಲಾರವು. ಕಣ್ಣು ಮುಚ್ಚದಂತೆ ಕಲಿಸುವ ವಿದ್ಯೆ ಕೆಲವರ ಬುದ್ಧಿಗೆ ಕತ್ತಲೆ ಕವಿಸಬಹುದೆಂಬುದು ಸಣ್ಣ ಮಾತಲ್ಲ. ಆದರೂ ಸೈನ್ಯಗಳು ಇದನ್ನು ಕೈಬಿಟ್ಟಿಲ್ಲ. ವೆಸ್ಟ್ ಪಾಯಿಂಟಿನ ಸೈನಿಕ ವಿದ್ಯಾಲಯದಲ್ಲಿ ೧೯೦೫ರಿಂದ ಬಂದ ಮುಷ್ಟಿಯುದ್ಧದ ಪಾಠ ೨೦೧೬ರಲ್ಲಿ ಅಲ್ಲಿನ ಹೆಣ್ಣುಮಕ್ಕಳಿಗೂ ಕಡ್ಡಾಯವಾಯಿತು. ಬ್ರಿಟನ್ನಿನ ಪ್ಯಾರಾಷೂಟ್ ದಳಕ್ಕೆ ಸೇರುವವರಿಗೆ ಒಂದು ನಿಮಿಷದ ಪರೀಕ್ಷೆಯುಂಟು. ತಡೆಯುವಂತಿಲ್ಲ, ತಪ್ಪಿಸಿಕೊಳ್ಳುವಂತಿಲ್ಲ, ಅರುವತ್ತು ಸೆಕೆಂಡು ಎದುರಾಳಿಯ ತಲೆಗೆ ಗುದ್ದುತ್ತಲೇ ಇರಬೇಕು. ಅಲ್ಲಿ ಗೆಲವು ಸೋಲು ಮುಖ್ಯವಲ್ಲ. ಹಿಂಜರಿದನೆ, ಇಲ್ಲವೆ ಎಂಬುದನ್ನಷ್ಟೇ ನೋಡುತ್ತಾರೆ.

ಜೋ ಲೂಯಿಯ ಹೆಸರನ್ನು ಹೇಳದೆ ಮುಂದೆ ಹೋಗುವುದು ಅನ್ಯಾಯವಾದೀತು. ಜಗತ್ತಿನ ಹೆವಿವೆಯ್ಟ್ ವೀರನಾಗಿದ್ದಾಗಲೇ, ೧೯೪೨ರ ಜನವರಿಯಲ್ಲಿ, ಸಾಮಾನ್ಯ ಸಿಪಾಯಿಯಾಗಿ ಸೇರಿದವನು. ಶಿಬಿರಗಳಲ್ಲಿ ಸುಮಾರು ೯೬ ಪ್ರದರ್ಶನ ಕಾಳಗಗಳನ್ನಾಡಿ ಇಪ್ಪತ್ತು ಲಕ್ಷದಷ್ಟು ಸೈನಿಕರಿಗೆ ಉತ್ಸಾಹ ತುಂಬಿದ. ಕರಿಯನೆಂಬ ಕಾರಣಕ್ಕೆ ಬಿಳಿಯರಿಂದ ಪ್ರತ್ಯೇಕವಾದ ತುಕಡಿಯಲ್ಲೇ ಇದ್ದು ಇದನ್ನೆಲ್ಲ ಮಾಡಿದ. ಎರಡು ಕಾಳಗಗಳ ಸಂಪಾದನೆಯನ್ನು ನೌಕಾಪಡೆಯ ಮತ್ತು ಸೈನ್ಯದ ಪರಿಹಾರ ನಿಧಿಗಳಿಗೆ ಕೊಟ್ಟುಬಿಟ್ಟ. ಯುದ್ಧ ಮುಗಿದ ಮೇಲೆ ಹಳೆಯ ಆದಾಯ ತೆರಿಗೆಯ ಬಾಕಿಗಾಗಿ ಸರ್ಕಾರ ಆತನನ್ನು ವರ್ಷಾನುಗಟ್ಟಲೆ ಕಾಡಿತು.

ಡೆಂಪ್ಸಿಗೆ ೧೯೪೨ರಲ್ಲಿ ವಯಸ್ಸು ೪೬. ಸೈನ್ಯಕ್ಕೆ ಸೇರಹೋದ; ವಯಸ್ಸು ಮೀರಿತೆಂದು ಹಿಂದಕ್ಕೆ ಕಳುಹಿಸಿದರು. ಬ್ರಾಡ್‌ವೇಯಲ್ಲಿ ಆತನ ಹೆಸರಿನ ಉಪಾಹಾರಗೃಹ ಚೆನ್ನಾಗಿ ನಡೆಯುತ್ತಿತ್ತು. ಅಲ್ಲಿ ಕುಳಿತು ಬಂದವರ ಕೈಕುಲುಕಿಕೊಂಡಿದ್ದರೆ ಯಾರೂ ಬೇಡವೆನ್ನುತ್ತಿರಲಿಲ್ಲ. ಆತ ಕ್ಯಾಸಿಲಿಲ್ಲ. ಜೂನ್ ತಿಂಗಳಲ್ಲಿ ಕರಾವಳಿ ಕಾವಲುಪಡೆ ಆತನನ್ನು ಲೆಫ್ಟಿನೆಂಟನಾಗಿ ತೆಗೆದುಕೊಂಡಿತು. ಬ್ರೂಕ್ಲಿನ್ನಿನ ಮ್ಯಾನ್‌ಹಟನ್ ಬೀಚ್ ಶಿಬಿರದಲ್ಲಿ ಹೊಸಬರ ದೇಹದಾರ್ಢ್ಯದ ನಿರ್ದೇಶಕನನ್ನಾಗಿ ಮಾಡಿತು. ಅದೇ ವರ್ಷ ಇನ್ನೊಬ್ಬರ ಜೊತೆಗೂಡಿ ‘ಹೌ ಟು ಫೈಟ್ ಟಫ್’ ಎಂಬ ಪುಸ್ತಕವನ್ನು ಪ್ರಕಟಿಸಿದ. ಅದನ್ನು ತೆರೆದವರಿಗೆ ಒಂದು ಆಶ್ಚರ್ಯ ಕಾದಿರುತ್ತದೆ. ಕ್ವೀನ್ಸ್‌ಬೆರಿ ನಿಯಮಗಳಂತೆ ಗುದ್ದಾಡಿ ಕೀರ್ತಿ ಗಳಿಸಿದವನು ಅಲ್ಲಿ ಕಲಿಸುವುದು ನಿಯಮವೇ ಇಲ್ಲದ ಹೋರಾಟವನ್ನು. ಅಖಾಡದಲ್ಲಿ ಮಾಡಿದರೆ ಹೊರಗಟ್ಟುವಂಥ ಪಟ್ಟುಗಳು, ಕತ್ತು ಹಿಸುಕುವುದು, ಕೀಲು ಮುರಿಯುವುದು, ಎಲ್ಲವೂ ಅಲ್ಲಿವೆ. ಹುಡುಗರು ಎದುರಿಸಲಿರುವವರು ಗಂಟೆ ಬಾರಿಸಿದೊಡನೆ ನಿಲ್ಲಿಸುವವರಲ್ಲವೆಂಬುದು ಆತನಿಗೆ ಗೊತ್ತಿತ್ತು. ಮುಷ್ಟಿಯುದ್ಧದಿಂದ ಯುದ್ಧಕ್ಕೆ ಕೊಂಡೊಯ್ಯಬೇಕಾದುದು ಗುದ್ದನ್ನಲ್ಲವೆಂಬುದನ್ನು ಸೇನಾನಿಗಳಿಗಿಂತ ಚೆನ್ನಾಗಿ ಆ ಜಗದ್ವಿಜಯಿ ಅರಿತಿದ್ದ.

ಶಿಬಿರದಿಂದ ಒಂದೊಂದು ತಂಡವೂ ಹೊರಟು ಹೋಗುತ್ತಿತ್ತು. ಉಪಾಧ್ಯಾಯ ಉಳಿಯುತ್ತಿದ್ದ, ಹೊಸ ತಂಡ ಬರುತ್ತಿತ್ತು. ಮತ್ತೆ ಅದೇ ಪಾಠ. ೧೯೧೮ರ ಚಿತ್ರವನ್ನು ಹೊತ್ತವನಿಗೆ ದಡದಲ್ಲಿ ನಿಂತು ಇತರರನ್ನು ಕಳುಹಿಸಿಕೊಡುವ ಈ ಕೆಲಸ ಹೇಗಿದ್ದಿರಬಹುದು? ಕೊನೆಗೆ ಆತನೂ ಹಡಗು ಹತ್ತಿದ. ೧೯೪೫ರಲ್ಲಿ ‘ಆರ್ಥರ್ ಮಿಡಲ್ಟನ್’ ಎಂಬ ಹಡಗಿನಲ್ಲಿ ಒಕಿನಾವಾ ದ್ವೀಪದ ಆಕ್ರಮಣಕ್ಕೆ ಹೋದವರಲ್ಲಿ ಆತನೂ ಇದ್ದ. ಏಪ್ರಿಲ್ ೧ರಂದು ಆರಂಭವಾದ ಆ ಕದನ ಶಾಂತಸಾಗರದ ಅತ್ಯಂತ ರಕ್ತಮಯವಾದ ಕದನಗಳಲ್ಲೊಂದು. ಮಗನ ವಯಸ್ಸಿನ ಹುಡುಗರ ನಡುವೆ ೪೯ ವರ್ಷದ ಡೆಂಪ್ಸಿ ಆ ದ್ವೀಪದ ನೆಲವನ್ನು ಮೆಟ್ಟಿದ. ಅಲ್ಲಿಯೂ ಆತನ ಛಾಯಾಚಿತ್ರಗಳನ್ನು ತೆಗೆದರು.

ಯುದ್ಧ ಮುಗಿದ ಮೇಲೆ ಬ್ರಾಡ್‌ವೇಯ ತನ್ನ ಉಪಾಹಾರಗೃಹಕ್ಕೆ ಮರಳಿದ. ಹಿಂದೆ ಎದುರಾಳಿಯಾಗಿದ್ದ ಟನಿ ಬಾಳಿನ ಕೊನೆಯವರೆಗೂ ಗೆಳೆಯನಾಗಿ ಉಳಿದ. ಟನಿಯ ಮಗ ಚುನಾವಣೆಗೆ ನಿಂತಾಗ ಡೆಂಪ್ಸಿ ಆತನಿಗೆ ಬೆಂಬಲವಾಗಿ ನಿಂತ. ಟನಿ ೧೯೭೮ರಲ್ಲಿ ತೀರಿಕೊಂಡ, ಡೆಂಪ್ಸಿ ೧೯೮೩ರಲ್ಲಿ. ಸಾಯುವುದಕ್ಕೆ ಆರು ವರ್ಷ ಮೊದಲು, ಎಂಬತ್ತೆರಡರ ವಯಸ್ಸಿನಲ್ಲಿ, ಆತ ತನ್ನ ಆತ್ಮಕಥೆಯನ್ನು ಹೊರತಂದ. ಗಣಿಯ ಬಡತನ, ಟೊಲೆಡೊದ ಗೆಲವು, ಫಿಲಡೆಲ್ಫಿಯದ ಸೋಲು ಎಲ್ಲವೂ ಅದರಲ್ಲಿವೆ. ಹಡಗುಕಟ್ಟೆಯ ಆ ಛಾಯಾಚಿತ್ರವನ್ನೂ ಮಿರುಗುವ ಆ ಬೂಟುಗಳನ್ನೂ ಆತ ಅಲ್ಲಿಯೂ ಮರೆತಿಲ್ಲ.